ರಂಗಶಿಕ್ಷಣ ಪಳಗಿಸಿದ ಮೈ: ರೋಹಿಣಿ ಹಟ್ಟಂಗಡಿಯವರ ಅಭಿನಯ

ಸಹೃದಯರೇ,

ಮುಂಬಯಿಯ ಕನ್ನಡಿಗರಾದ ನಾವು ರೋಹಿಣಿ ಹಟ್ಟಂಗಡಿಯವರನ್ನು ಕುರಿತು ಮಾತನಾಡುವುದಕ್ಕೆ ಅವರು ಈ ಊರಿನ ಕಲಾವಿದೆ ಎಂಬುದೊಂದೇ ಕಾರಣವಲ್ಲ. ಅವರ ರಂಗಶಿಕ್ಷಣದಲ್ಲಿ ನಮ್ಮ ಕರಾವಳಿಯ ಯಕ್ಷಗಾನಕ್ಕೂ ಪಾಲಿದೆ. ಪುಣೆಯಲ್ಲಿ ಹುಟ್ಟಿದ ಅವರು 1971ರಲ್ಲಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯನ್ನು ಸೇರಿದಾಗ ಇಬ್ರಾಹಿಂ ಅಲ್ಕಾಜಿಯವರು ಅದರ ನಿರ್ದೇಶಕರಾಗಿದ್ದರು. ಅಲ್ಲಿ ಅವರು ಜಪಾನಿನ ಕಬುಕಿ ಶೈಲಿಯ ‘ಇಬಾರಾಗಿ’ಯಲ್ಲಿ ಅಭಿನಯಿಸಿದರು, ಶಿವರಾಮ ಕಾರಂತರು ನಿರ್ದೇಶಿಸಿದ ‘ಭೀಷ್ಮ ವಿಜಯ’ದಲ್ಲಿ ಯಕ್ಷಗಾನದ ಹೆಜ್ಜೆಗಳನ್ನೂ ಹಾಕಿದರು. ಭರತನಾಟ್ಯ, ಕಥಕ್ಕಳಿಗಳ ಅಭ್ಯಾಸವೂ ಅವರಿಗಿತ್ತು.

ಯಕ್ಷಗಾನವನ್ನು ಬಲ್ಲ ನಿಮಗೆ ಈ ಶಿಕ್ಷಣದ ಬೆಲೆಯನ್ನು ಬಿಡಿಸಿ ಹೇಳಬೇಕಾಗಿಲ್ಲ. ಭಾಗವತರು ಪದ್ಯವನ್ನು ಹಾಡುತ್ತಿರುವಾಗ ವೇಷಧಾರಿಯು ಮದ್ದಲೆಯ ನಡೆಗೆ ಹೆಜ್ಜೆಯನ್ನು ಹೊಂದಿಸುತ್ತ, ಪಾತ್ರದ ಭಾವವನ್ನು ಮಾತಿನ ಆಸರೆಯಿಲ್ಲದೆ ಮೈಯಲ್ಲಿಯೇ ಹೊತ್ತು ನಿಲ್ಲಬೇಕು. ಅರ್ಥ ಹೇಳುವ, ಎಂದರೆ ಪದ್ಯದ ಭಾವವನ್ನು ಮಾತಿನಲ್ಲಿ ಆಡುವ ಸರದಿ ಬರುವುದು ಆಮೇಲೆ. ಕಾರಂತರಂತೂ ತಮ್ಮ ಪ್ರಯೋಗಗಳಲ್ಲಿ ಮಾತನ್ನು ಮತ್ತಷ್ಟು ಕಡಿಮೆ ಮಾಡಿ, ನೃತ್ಯಕ್ಕೂ ಹಾಡಿಗೂ ಹೆಚ್ಚು ಹೊಣೆಯನ್ನು ಹೊರಿಸಿದವರು. ರೋಹಿಣಿಯವರ ವಾಸ್ತವವಾದಿ ಪಾತ್ರಗಳಲ್ಲಿ ಈ ಶೈಲಿಗಳ ಒಂದು ಮುದ್ರೆಯೂ ಹೊರಗೆ ಕಾಣುವುದಿಲ್ಲ. ಆದರೆ ಆ ಕಲಿಕೆಯ ಫಲ ಅವರ ನಡಿಗೆಯಲ್ಲಿ, ಕೂರುವ ಏಳುವ ಬಗೆಯಲ್ಲಿ ಉಳಿದಿದೆ ಎಂಬುದು ನನ್ನ ದೃಢವಾದ ನಂಬಿಕೆ.

1982ರ ‘ಗಾಂಧಿ’ ಚಿತ್ರದ ಕಸ್ತೂರಬಾ ಪಾತ್ರವನ್ನೇ ನೋಡಿ. ಮೂವತ್ತರ ಆಸುಪಾಸಿನಲ್ಲಿದ್ದ ಕಲಾವಿದೆ, ದಕ್ಷಿಣ ಆಫ್ರಿಕದ ಆಶ್ರಮದಲ್ಲಿ ಕಕ್ಕಸು ಬಳಿಯಲೊಲ್ಲೆನೆಂದು ಗಂಡನಿಗೆ ಎದುರಾಗಿ ನಿಲ್ಲುವ ತರುಣ ಗೃಹಿಣಿಯಿಂದ ಹಿಡಿದು ಆಗಾ ಖಾನ್ ಅರಮನೆಯ ಸೆರೆಯಲ್ಲಿ ಕೊನೆಯುಸಿರೆಳೆಯುವ ಮುದುಕಿಯವರೆಗೆ ಇಡೀ ಬಾಳನ್ನು ನಡೆದು ತೋರಿಸಬೇಕಿತ್ತು. ಪ್ರಸಾಧನ ಕೂದಲನ್ನು ಬೆಳ್ಳಗಾಗಿಸಬಲ್ಲದು, ಸುಕ್ಕುಗಳನ್ನು ಬರೆಯಬಲ್ಲದು; ಬೆನ್ನಿನ ಭಾರವನ್ನು ನಟಿಯೇ ಹೊರಬೇಕು. ಆ ಪಾತ್ರಕ್ಕೆ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿ ಬಂದಿತು. ಅದೇ ವರ್ಷದ ‘ಅರ್ಥ್’ನಲ್ಲಿ, ಮಗಳ ಓದಿಗಾಗಿ ಕಾಸಿಗೆ ಕಾಸು ಕೂಡಿಡುವ ಮನೆಗೆಲಸದ ಹೆಂಗಸಾಗಿ ಅವರು ಬೇರೆಯೇ ಮೈಕಟ್ಟನ್ನು ತಾಳಿದರು.

ಹಿಂದಿ ಚಿತ್ರೋದ್ಯಮ ಈ ಸಾಮರ್ಥ್ಯವನ್ನು ಗುರುತಿಸಿತು, ಆದರೆ ಅದನ್ನು ಒಂದೇ ಓಣಿಗೆ ಹೊರಳಿಸಿತು. 1984ರ ‘ಸಾರಾಂಶ್’ನಲ್ಲಿ, ನ್ಯೂಯಾರ್ಕಿನಲ್ಲಿ ಮಗನನ್ನು ಕಳೆದುಕೊಂಡ ಶಿವಾಜಿ ಪಾರ್ಕಿನ ವೃದ್ಧ ದಂಪತಿಯಾಗಿ ಅವರೂ ಅನುಪಮ್ ಖೇರ್ ಅವರೂ ನಟಿಸಿದಾಗ ಇಬ್ಬರೂ ವೃದ್ಧಾಪ್ಯದಿಂದ ದಶಕಗಳಷ್ಟು ದೂರವಿದ್ದರು. 1990ರ ‘ಅಗ್ನಿಪಥ್’ನಲ್ಲಿ ತಮಗಿಂತ ಹಿರಿಯರಾದ ಅಮಿತಾಭ್ ಬಚ್ಚನ್ ಅವರಿಗೇ ತಾಯಿಯಾದರು, ಅದಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿಯೂ ದೊರೆಯಿತು. ಪ್ರಶಸ್ತಿಗಳು ಬಂದವೆಂದು ನಾವು ಸಮಾಧಾನಪಡಬಾರದು. ನಾಯಕಿಗೆ ಇಂತಿಷ್ಟೇ ವಯಸ್ಸು ಎಂದು ಗೆರೆ ಎಳೆಯುವ ಉದ್ಯಮ, ಯಾವ ವಯಸ್ಸನ್ನಾದರೂ ಆಡಬಲ್ಲ ನಟಿಗೆ ಮತ್ತೆ ಮತ್ತೆ ಮುಪ್ಪನ್ನೇ ಹಂಚಿತೆಂಬುದು ನನ್ನನ್ನು ಇಂದಿಗೂ ನೋಯಿಸುತ್ತದೆ.

ರಂಗಭೂಮಿ ಹಾಗೆ ಮಾಡಲಿಲ್ಲ. ನಾಟಕ ಶಾಲೆಯ ಸಹಪಾಠಿಯಾಗಿದ್ದು ಪತಿಯಾದ ಜಯದೇವ ಹಟ್ಟಂಗಡಿಯವರ ಜೊತೆಗೂಡಿ, ದಾದರಿನ ಛಬಿಲ್‌ದಾಸ್ ಶಾಲೆಯ ಸಭಾಗೃಹವನ್ನು ಪ್ರಾಯೋಗಿಕ ರಂಗಭೂಮಿಯ ಮನೆಯನ್ನಾಗಿಸಿದ ‘ಆವಿಷ್ಕಾರ್’ ತಂಡದಲ್ಲಿ ಅವರು ಮರಾಠಿ ನಾಟಕಗಳನ್ನು ಆಡಿದರು. ಸ್ಪೇನಿನ ನಾಟಕಕಾರ ಲೋರ್ಕಾನ ‘ಯೆರ್ಮಾ’ವನ್ನು ಆಧರಿಸಿದ ‘ಚಾಂಗುಣಾ’ದಲ್ಲಿ ಮಗುವಿಗಾಗಿ ಹಂಬಲಿಸುವ ಹೆಣ್ಣಿನ ಕುದಿತವನ್ನು ರಂಗಕ್ಕೆ ತಂದರು. ಮುಂದೆ 2001ರಲ್ಲಿ ಆರಂಭವಾದ ‘ಚಾರ್ ದಿವಸ್ ಸಾಸೂಚೆ’ ಎಂಬ ಧಾರಾವಾಹಿ ಅವರನ್ನು ಮರಾಠಿ ಮನೆಮನೆಗೂ ಒಯ್ದಿತು. ಆದರೆ ಅವರ ಕಲೆಯನ್ನು ಅಳೆಯುವವರು ನೋಡಬೇಕಾದದ್ದು, ಜಯದೇವರು ನಿರ್ದೇಶಿಸಿದ ‘ಅಪರಾಜಿತಾ’ ಎಂಬ ಏಕವ್ಯಕ್ತಿ ನಾಟಕವನ್ನು. ಅಲ್ಲಿ ಕ್ಯಾಮೆರಾ ಇಲ್ಲ, ಎದುರು ಪಾತ್ರವಿಲ್ಲ. ಒಬ್ಬಳೇ ಹೆಣ್ಣು ತನ್ನ ದನಿ ಮತ್ತು ಮೈಗಳಿಂದಲೇ ಇಡೀ ರಂಗವನ್ನು ತುಂಬಬೇಕು. 2004ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಅವರಿಗೆ ಸಂದದ್ದು ರಂಗಾಭಿನಯಕ್ಕಾಗಿ, ಮತ್ತು ಅದು ಸರಿಯಾದ ತೀರ್ಮಾನವಾಗಿತ್ತು.