ಲೂಯಿಸ್ ವೊಲ್ಪರ್ಟ್: ಭ್ರೂಣದ ಕಥೆ ಹೇಳಿದ ಎಂಜಿನಿಯರ್

ಕೇಳುಗರಿಗೆ ನಮಸ್ಕಾರ.

ಮೊದಲು ಒಂದು ಒಗಟು. ಭೂಮಿ ಚೆಂಡಿನ ಹಾಗೆ ನುಣ್ಣಗಿದೆ ಅಂದುಕೊಳ್ಳಿ. ಅದರ ನಡುವಿಗೆ ಒಂದು ದಾರವನ್ನು ಬಿಗಿಯಾಗಿ ಸುತ್ತಿದ್ದೀರಿ. ಸುಮಾರು 40 ಸಾವಿರ ಕಿಲೋಮೀಟರ್ ಉದ್ದದ ದಾರ. ಈಗ ಅದಕ್ಕೆ ಬರೀ ಒಂದು ಮೀಟರ್ ಸೇರಿಸಿ, ಸುತ್ತಲೂ ಸಮನಾಗಿ ಸಡಿಲ ಮಾಡಿದಿರಿ. ದಾರ ನೆಲದಿಂದ ಎಷ್ಟು ಮೇಲೆ ನಿಲ್ಲುತ್ತದೆ? ಒಂದು ಕೂದಲು ತೂರುವಷ್ಟೂ ಜಾಗ ಇರಲಾರದು ಅನ್ನಿಸುತ್ತದೆ, ಅಲ್ವಾ? ಉತ್ತರ ಸುಮಾರು 16 ಸೆಂಟಿಮೀಟರ್. ಭೂಮಿಯ ಬದಲು ಕಿತ್ತಳೆ ಹಣ್ಣಿಗೆ ಸುತ್ತಿದ್ದರೂ ಅಷ್ಟೇ.

ಜೀವವಿಜ್ಞಾನಿ ಲೂಯಿಸ್ ವೊಲ್ಪರ್ಟ್ ಜನರ ಮುಂದಿಡುತ್ತಿದ್ದ ಲೆಕ್ಕ ಇದು. ಅವರು ಇಂಚುಗಳಲ್ಲಿ ಹೇಳಿದ್ದನ್ನು ನಾನು ಮೀಟರಿಗೆ ತಿರುಗಿಸಿದ್ದೇನೆ. ವಿಜ್ಞಾನ ನಮ್ಮ ಸಾಮಾನ್ಯ ಬುದ್ಧಿಗೆ ವಿರುದ್ಧವಾಗಿಯೇ ನಡೆಯುತ್ತದೆ ಅನ್ನೋದು ಅವರ ವಾದ. ವಿಜ್ಞಾನವನ್ನು ಜನರಿಗೆ ತಲುಪಿಸುವ ಹೆಚ್ಚಿನವರು "ಇದು ಬಹಳ ಸುಲಭ, ಬನ್ನಿ" ಅಂತ ಕರೆಯುತ್ತಾರೆ. ವೊಲ್ಪರ್ಟ್ ಹಾಗೆ ಕರೆಯಲಿಲ್ಲ. ಕಷ್ಟ ಇದೆ ಅಂತ ಮೊದಲೇ ಹೇಳಿ, ಆಮೇಲೆ ಕೈ ಹಿಡಿದು ನಡೆಸಿದರು. ನನಗೆ ಅವರು ಇಷ್ಟವಾಗುವುದು ಇದಕ್ಕೇ.

ಹುಟ್ಟಿದ್ದು 1929ರಲ್ಲಿ, ದಕ್ಷಿಣ ಆಫ್ರಿಕಾದ ಜೋಹಾನ್ಸ್‌ಬರ್ಗ್‌ನಲ್ಲಿ. ಓದಿದ್ದು ಸಿವಿಲ್ ಎಂಜಿನಿಯರಿಂಗ್. ಲಂಡನ್ನಿಗೆ ಬಂದು ಮಣ್ಣಿನ ಬಲದ ಬಗ್ಗೆ, ಅಂದರೆ ಕಟ್ಟಡದ ಭಾರಕ್ಕೆ ನೆಲ ಹೇಗೆ ಕುಸಿಯುತ್ತದೆ ಅನ್ನೋದರ ಬಗ್ಗೆ, ಅಧ್ಯಯನ ಮಾಡಿದರು. ಅದರಲ್ಲಿ ಮನಸ್ಸು ನಿಲ್ಲಲಿಲ್ಲ. ಆಗ ಒಬ್ಬ ಗೆಳೆಯ ಒಂದು ಸುಳಿವು ಕೊಟ್ಟ. ಒಂದು ಜೀವಕೋಶ ಎರಡಾಗುವಾಗ ಅದರ ಮೇಲ್ಪದರದಲ್ಲಿ ಯಾವ ಬಲ ಕೆಲಸ ಮಾಡುತ್ತದೆ ಅಂತ ಅಳೆಯುವವರು ಬೇಕಾಗಿದ್ದಾರೆ ಅಂದ. ಮಣ್ಣು ಬಿಟ್ಟು ಕೋಶಕ್ಕೆ ಬಂದರು. ಲಂಡನ್ನಿನ ಕಿಂಗ್ಸ್ ಕಾಲೇಜಿನಲ್ಲಿ, ಕಡಲ ಜೀವಿಯಾದ ಸೀ ಅರ್ಚಿನ್‌ನ ಮೊಟ್ಟೆಗಳ ಮೇಲೆ ಪಿಎಚ್‌ಡಿ ಮಾಡಿದರು.

ಮುಂದೆ ಅವರನ್ನು ಕಾಡಿದ್ದು ದೊಡ್ಡ ಪ್ರಶ್ನೆ. ಒಂದು ಮೊಟ್ಟೆಯಿಂದ ಬರುವ ಕೋಶಗಳೆಲ್ಲದರಲ್ಲೂ ಇರುವುದು ಹೆಚ್ಚು ಕಡಿಮೆ ಒಂದೇ ವಂಶವಾಹಿಗಳು. ಹಾಗಿದ್ದ ಮೇಲೆ ಇದು ಹೆಬ್ಬೆರಳು, ಅದು ಕಿರುಬೆರಳು ಅಂತ ಕೋಶಗಳಿಗೆ ಗೊತ್ತಾಗುವುದು ಹೇಗೆ? 1969ರಲ್ಲಿ ಅವರು ಕೊಟ್ಟ ಉತ್ತರ ಇದು: ಕೋಶಕ್ಕೆ ತಾನು ಎಲ್ಲಿದ್ದೇನೆ ಅನ್ನೋದು ಗೊತ್ತಾದರೆ ಸಾಕು. ಇದನ್ನು ವಿವರಿಸಲು ಅವರು ಫ್ರಾನ್ಸಿನ ಬಾವುಟವನ್ನು ಆರಿಸಿಕೊಂಡರು. ನೀಲಿ, ಬಿಳಿ, ಕೆಂಪು, ಮೂರು ಪಟ್ಟೆ. ಕೋಶಗಳ ಒಂದು ಸಾಲು ಇದೆ. ಸಾಲಿನ ಒಂದು ತುದಿಯಲ್ಲಿ ಒಂದು ರಾಸಾಯನಿಕ ಜಾಸ್ತಿ ಇದೆ, ಇನ್ನೊಂದು ತುದಿಗೆ ಹೋಗುತ್ತಾ ಅದು ಕಡಿಮೆಯಾಗುತ್ತದೆ. ಜಾಸ್ತಿ ಸಿಕ್ಕ ಕೋಶ ನೀಲಿ, ಮಧ್ಯಮವಾದರೆ ಬಿಳಿ, ತೀರಾ ಕಡಿಮೆಯಾದರೆ ಕೆಂಪು. ಇದರ ಸೊಗಸು ಏನು ಅಂದರೆ, ಬಾವುಟ ಚಿಕ್ಕದಾದರೂ ಮೂರೂ ಪಟ್ಟೆ ಅಳತೆಗೆ ತಕ್ಕಂತೆ ಬರುತ್ತವೆ. ಸೀ ಅರ್ಚಿನ್ ಭ್ರೂಣ ಎರಡೇ ಕೋಶಗಳಾಗಿದ್ದಾಗ ಅವನ್ನು ಬೇರ್ಪಡಿಸಿದರೆ ಎರಡು ಅರ್ಧ ಮರಿ ಬರುವುದಿಲ್ಲ, ಪುಟ್ಟದಾದ ಎರಡು ಪೂರ್ತಿ ಮರಿಗಳೇ ಬರುತ್ತವೆ. ಹತ್ತೊಂಬತ್ತನೆಯ ಶತಮಾನದಲ್ಲೇ ಕಂಡ ಈ ಸಂಗತಿಗೆ ಈಗ ಒಂದು ಅರ್ಥ ಸಿಕ್ಕಿತು.

ಬರೀ ಚಿತ್ರ ಬರೆದು ಕೂರಲಿಲ್ಲ. ಕೋಳಿ ಭ್ರೂಣದ ರೆಕ್ಕೆ ಮೊದಲು ಸಣ್ಣ ಮೊಗ್ಗಾಗಿ ಮೂಡುತ್ತದೆ. ಆ ಮೊಗ್ಗಿನ ಹಿಂದಿನ ಅಂಚಿನ ಚೂರೊಂದನ್ನು ತೆಗೆದು ಇನ್ನೊಂದು ಭ್ರೂಣದ ಮೊಗ್ಗಿನ ಮುಂದಿನ ಅಂಚಿಗೆ ನೆಟ್ಟರೆ, ಮೂರು ಬೆರಳಿನ ಬದಲು ಆರು ಬೆರಳು ಬರಬಹುದು, ಕನ್ನಡಿಯಲ್ಲಿ ಕಂಡ ಹಾಗೆ ಎದುರುಬದುರಾಗಿ. ಈ ನಾಟಿಯನ್ನು ಮೊದಲು ಮಾಡಿದ್ದು ಅಮೆರಿಕದವರು. ವೊಲ್ಪರ್ಟ್ ಗುಂಪು ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ನೆಟ್ಟ ಕೋಶಗಳನ್ನು ಕಡಿಮೆ ಮಾಡಿದರೆ ಹೆಚ್ಚುವರಿ ಬೆರಳುಗಳೂ ಕಡಿಮೆಯಾಗುತ್ತವೆ ಅಂತ ತೋರಿಸಿತು. ಆದರೆ ಸುಳಿವು ಕೊಡುವ ಆ ವಸ್ತು ಯಾವುದು? 1993ರವರೆಗೆ ಕಾಯಬೇಕಾಯಿತು. ಆ ಅಂಚಿನಲ್ಲಿ ಸೋನಿಕ್ ಹೆಡ್ಜ್‌ಹಾಗ್ ಅನ್ನೋ ವಂಶವಾಹಿ ಕೆಲಸ ಮಾಡುತ್ತಿರುವುದು ಗೊತ್ತಾಯಿತು. ಹೌದು, ವಿಡಿಯೋ ಗೇಮಿನ ಅದೇ ಹೆಸರು.

ಭ್ರೂಣದ ಕೋಶಗಳು ಒಳಗೆ ಸರಿದು ಪದರಗಳಾಗುವ ಹಂತಕ್ಕೆ ಗ್ಯಾಸ್ಟ್ರುಲೇಶನ್ ಅನ್ನುತ್ತಾರೆ. ಹುಟ್ಟು, ಮದುವೆ, ಸಾವು ಯಾವುದೂ ಅಲ್ಲ, ನಿಮ್ಮ ಬದುಕಿನ ನಿಜವಾದ ಮುಖ್ಯ ಘಟ್ಟ ಗ್ಯಾಸ್ಟ್ರುಲೇಶನ್ ಅಂತ ವೊಲ್ಪರ್ಟ್ ಹೇಳಿದ ಮಾತು ಪಠ್ಯಪುಸ್ತಕಗಳಿಗೂ ಹೋಯಿತು. ಇಂಥ ಮಾತುಗಾರ ಪ್ರಯೋಗಾಲಯದಲ್ಲೇ ಉಳಿದಾರೆಯೇ? 1986ರಲ್ಲಿ ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಶನ್‌ನ ಕ್ರಿಸ್‌ಮಸ್ ಉಪನ್ಯಾಸಗಳನ್ನು ಕೊಟ್ಟರು. ಮಕ್ಕಳಿಗಾಗಿ ನಡೆಯುವ, ಟೀವಿಯಲ್ಲೂ ಬರುವ ಉಪನ್ಯಾಸಗಳು ಅವು. ಬಿಬಿಸಿ ರೇಡಿಯೋದಲ್ಲಿ ಬೇರೆ ವಿಜ್ಞಾನಿಗಳನ್ನು ಕೂರಿಸಿಕೊಂಡು ಮಾತಾಡಿಸಿದರು. 1994ರಿಂದ 1998ರವರೆಗೆ ಬ್ರಿಟನ್ನಿನಲ್ಲಿ ಜನರಿಗೆ ವಿಜ್ಞಾನ ತಲುಪಿಸುವ ಸಮಿತಿಯ ಅಧ್ಯಕ್ಷರಾಗಿದ್ದರು.

ಅವರು ಹೇಳಿದ್ದನ್ನೆಲ್ಲ ನಾನು ಒಪ್ಪುವುದಿಲ್ಲ. ವಿಜ್ಞಾನದ ತಿಳಿವಳಿಕೆಗೆ ಒಳ್ಳೆಯದು ಕೆಟ್ಟದ್ದು ಅನ್ನೋದಿಲ್ಲ, ಆ ಪ್ರಶ್ನೆ ಬರುವುದು ಅದನ್ನು ಬಳಸುವಾಗ ಮಾತ್ರ ಅಂತ ಅವರು ಗಟ್ಟಿಯಾಗಿ ವಾದಿಸುತ್ತಿದ್ದರು. ಯಾವ ಪ್ರಯೋಗ ಮಾಡಬೇಕು, ಯಾರ ಮೇಲೆ ಮಾಡಬೇಕು ಅನ್ನೋದು ತಿಳಿವಳಿಕೆ ಸಿಗುವ ಮೊದಲೇ ಬರುವ ಪ್ರಶ್ನೆಯಲ್ಲವೇ? ತತ್ವಶಾಸ್ತ್ರದವರನ್ನಂತೂ ಅವರು ಸುಮ್ನೆ ತಳ್ಳಿಹಾಕುತ್ತಿದ್ದರು.

ಅರವತ್ತೈದರ ಹೊತ್ತಿಗೆ ಅವರನ್ನು ತೀವ್ರ ಖಿನ್ನತೆ ಹಿಡಿಯಿತು. ಆಸ್ಪತ್ರೆ ಸೇರಬೇಕಾಯಿತು, ಸಾಯುವ ಯೋಚನೆಗಳೂ ಬಂದವು. ಮಾತ್ರೆ ಮತ್ತು ಮಾತಿನ ಚಿಕಿತ್ಸೆಯಿಂದ ಚೇತರಿಸಿಕೊಂಡರು. ಇದು ನಾಚಿಕೆಯ ವಿಷಯ ಅಂತ ಮುಚ್ಚಿಡುವವರೇ ಹೆಚ್ಚಿದ್ದ ಕಾಲ. ಅವರು ಪುಸ್ತಕ ಬರೆದರು, ಟೀವಿಯಲ್ಲಿ ಮಾತಾಡಿದರು. ಭ್ರೂಣವನ್ನು ವಿವರಿಸಿದ ಅದೇ ಧಾಟಿಯಲ್ಲಿ ತಮ್ಮ ಕಾಯಿಲೆಯನ್ನೂ ವಿವರಿಸಿದರು, ಮರುಕ ಬೇಡದೆ.

ಜೀವಿಯ ರೂಪವನ್ನು ವಿವರಿಸಲು ವಂಶವಾಹಿಗಳಷ್ಟೇ ಸಾಲವು ಅನ್ನೋ ಬ್ರಿಟಿಷ್ ಜೀವವಿಜ್ಞಾನಿ ರೂಪರ್ಟ್ ಶೆಲ್ಡ್ರೇಕ್ ಜೊತೆ 2009ರಲ್ಲಿ ಒಂದು ಬಾಜಿ ಕಟ್ಟಿದರು. ಫಲಗೊಂಡ ಮೊಟ್ಟೆಯ ಪೂರ್ತಿ ಜೀನೋಮ್, ಅಂದರೆ ಅದರ ಡಿಎನ್‌ಎ ಬರಹವನ್ನೆಲ್ಲ, ಕೊಟ್ಟರೆ, ಅದರಿಂದ ಬೆಳೆಯುವ ಜೀವಿಯ ಎಲ್ಲ ವಿವರವನ್ನೂ, ಊನಗಳಿದ್ದರೆ ಅವನ್ನೂ, ಕನಿಷ್ಠ ಒಂದು ಪ್ರಾಣಿ ಅಥವಾ ಸಸ್ಯದ ವಿಷಯದಲ್ಲಾದರೂ ಮುಂಚಿತವಾಗಿ ಹೇಳಬಹುದು ಅನ್ನೋದು ವೊಲ್ಪರ್ಟ್ ಪಟ್ಟು. ಗಡುವು 2029ರ ಮೇ 1. ಗೆದ್ದವರಿಗೆ ಒಂದು ಪೆಟ್ಟಿಗೆ ಪೋರ್ಟ್ ವೈನ್. ವೊಲ್ಪರ್ಟ್ 2021ರ ಜನವರಿಯಲ್ಲಿ, 91ನೇ ವಯಸ್ಸಿನಲ್ಲಿ ತೀರಿಕೊಂಡರು. ಸಿ. ಎಲಿಗನ್ಸ್ ಅನ್ನೋ ಪುಟ್ಟ ಹುಳುವನ್ನೇ ನೋಡಿ: ಬೆಳೆದ ದ್ವಿಲಿಂಗಿ ಹುಳುವಿನ ದೇಹದಲ್ಲಿ, ಅಂಡ ಮತ್ತು ವೀರ್ಯದ ಕೋಶಗಳನ್ನು ಬಿಟ್ಟರೆ, ಇರುವುದು 959 ಕೋಶ. ಪ್ರತಿಯೊಂದೂ ಎಲ್ಲಿಂದ ಬಂತು ಅನ್ನೋದು ನಮಗೆ ಗೊತ್ತು. ಆದರೆ ಅದು ಕಣ್ಣಿಟ್ಟು ನೋಡಿ ತಿಳಿದದ್ದು, ಜೀನೋಮ್ ಓದಿ ಮೊದಲೇ ಹೇಳಿದ್ದಲ್ಲ. ಹಾಗಾಗಿ ನನ್ನ ಪ್ರಕಾರ ವೊಲ್ಪರ್ಟ್ ಈ ಬಾಜಿ ಸೋಲುತ್ತಾರೆ. ಫಲಿತಾಂಶದಲ್ಲಿ ಗೊಂದಲವಾದರೆ ತೀರ್ಪು ಹೇಳಬೇಕಾದದ್ದು ಬ್ರಿಟನ್ನಿನ ವಿಜ್ಞಾನ ಅಕಾಡೆಮಿಯಾದ ರಾಯಲ್ ಸೊಸೈಟಿ.

ನಮಸ್ಕಾರ.