ಅಧಿಕಪ್ರಸಂಗಿಯ ಪರವಾಗಿ

"ಯಾಕೆ?" ಎಂದು ಮಗು ಒಮ್ಮೆ ಕೇಳಿದರೆ ನಮಗೆ ಮುದ್ದು ಉಕ್ಕುತ್ತದೆ. ಎರಡನೆಯ ಸಲ ಕೇಳಿದರೆ ಎಷ್ಟು ಜಾಣ ಮಗು ಅನ್ನುತ್ತೇವೆ. ಐದನೆಯ ಸಲಕ್ಕೆ ಅದೇ ಮಗು ಅಧಿಕಪ್ರಸಂಗಿ. ನಾನು ಇಂದು ಈ ಅಧಿಕಪ್ರಸಂಗಿಯ ವಕಾಲತ್ತು ವಹಿಸಿಕೊಂಡು ಬಂದಿದ್ದೇನೆ. ನನ್ನ ವಾದ ಇಷ್ಟೇ: ಮಗು ಐದು ಸಲ ಕೇಳುವುದು ಹಟದಿಂದಲ್ಲ, ಮೊದಲ ನಾಲ್ಕು ಸಲ ನಾವು ಉತ್ತರವನ್ನೇ ಕೊಟ್ಟಿರುವುದಿಲ್ಲ.

ಇದು ಬರಿಯ ಮಾತಲ್ಲ. ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದ ಸಂಶೋಧಕರು 2009ರಲ್ಲಿ ಪ್ರಕಟಿಸಿದ ಅಧ್ಯಯನವೊಂದು ಪುಟ್ಟ ಮಕ್ಕಳು ದೊಡ್ಡವರೊಂದಿಗೆ ಆಡುವ ಮಾತುಗಳನ್ನು ಪರಿಶೀಲಿಸಿತ್ತು. ಸರಿಯಾದ ಕಾರಣ ಸಿಕ್ಕಾಗ ಮಕ್ಕಳು ಒಪ್ಪಿ ತಲೆಯಾಡಿಸುತ್ತಿದ್ದರು, ಇಲ್ಲವೆ ಅದರ ಮುಂದಿನ ಪ್ರಶ್ನೆಗೆ ಹೋಗುತ್ತಿದ್ದರು. ಹಾರಿಕೆಯ ಉತ್ತರ ಸಿಕ್ಕಾಗ ಮೊದಲಿನ ಪ್ರಶ್ನೆಯನ್ನೇ ಮತ್ತೆ ಎತ್ತುತ್ತಿದ್ದರು, ಅಥವಾ ತಾವೇ ಒಂದು ಕಾರಣ ಕಟ್ಟಿಕೊಳ್ಳುತ್ತಿದ್ದರು.

ಹಾರಿಕೆಯ ಉತ್ತರದಲ್ಲಿ ನಾನೂ ನಿಪುಣನೇ. ಒಂದು ರಾತ್ರಿ ಬಸ್ಸಿನಲ್ಲಿ ತಂಗಿಯ ನಾಲ್ಕು ವರ್ಷದ ಮಗಳು ಕಿಟಕಿಗೆ ಮೂಗು ಒತ್ತಿಕೊಂಡು ಕೇಳಿದಳು: "ಮಾವ, ಚಂದ್ರ ಯಾಕೆ ನಮ್ಮ ಜೊತೆಗೇ ಬರುತ್ತಿದ್ದಾನೆ?" "ಅವನಿಗೆ ನೀನೆಂದರೆ ಇಷ್ಟ" ಎಂದೆ. ಅವಳು ಎದುರಿನಿಂದ ಬಂದು ದಾಟಿಹೋದ ಬಸ್ಸನ್ನು ನೋಡಿ, "ಹಾಗಾದರೆ ಆ ಬಸ್ಸಿನವರ ಜೊತೆ ಯಾರು ಹೋಗುತ್ತಾರೆ?" ಎಂದಳು. ಸಿಕ್ಕಿಬಿದ್ದೆ. ರಸ್ತೆಯ ಪಕ್ಕದ ಕಂಬಗಳನ್ನು ತೋರಿಸಿದೆ, ಆಮೇಲೆ ಬೆಳದಿಂಗಳಲ್ಲಿ ಮಸುಕಾಗಿ ಕಾಣುತ್ತಿದ್ದ ಬೆಟ್ಟವನ್ನು. ಯಾವುದು ಬೇಗ ಹಿಂದಕ್ಕೆ ಓಡುತ್ತಿದೆ? ಕಂಬ. ಬೆಟ್ಟ? ನಿಧಾನ, ಯಾಕೆಂದರೆ ಅದು ದೂರ. ಚಂದ್ರನಿರುವುದು ಸುಮಾರು 3,84,000 ಕಿಲೋಮೀಟರ್ ಆಚೆ. ಆ ಅಂಕಿಯನ್ನು ಅವಳಿಗೆ ಹೇಳಲಿಲ್ಲ, "ಬೆಟ್ಟಕ್ಕಿಂತ ತುಂಬಾ ತುಂಬಾ ದೂರ" ಎಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಂದರೆ ಅವನು ಬರುತ್ತಲೇ ಇಲ್ಲ" ಎಂದಳು. ದನಿಯಲ್ಲಿ ಕೊಂಚ ಬೇಸರವಿತ್ತು. ಆದರೆ ಆ ಪ್ರಶ್ನೆ ಮತ್ತೆ ಬರಲಿಲ್ಲ.

"ನಿನಗೇನನ್ನಿಸುತ್ತದೆ?" ಎಂದು ಮರಳಿ ಕೇಳಿ ಎಂಬ ಸಲಹೆಯನ್ನು ನೀವೂ ಕೇಳಿರುತ್ತೀರಿ. ಒಳ್ಳೆಯದೇ, ಮಗು ಎಲ್ಲಿ ತೊಡಕಿಕೊಂಡಿದೆ ಎಂಬುದು ತಿಳಿಯುತ್ತದೆ. ಆದರೆ ಪ್ರತಿ ಸಲವೂ ಹಾಗೆಯೇ ಮಾಡಿದರೆ ಅದೂ ಹಾರಿಕೆಯೇ. ಮೊಬೈಲ್ ತೆಗೆದು ನಮಗೇ ಅರ್ಥವಾಗದ್ದನ್ನು ಗಟ್ಟಿಯಾಗಿ ಓದಿಬಿಡುವುದು ಇನ್ನೊಂದು ಬಗೆಯ ಹಾರಿಕೆ. "ನನಗೂ ಗೊತ್ತಿಲ್ಲ, ಇಬ್ಬರೂ ಸೇರಿ ನೋಡೋಣ" ಎನ್ನುವುದು ಎಷ್ಟೋ ಮೇಲು, ಆಮೇಲೆ ನಿಜವಾಗಿಯೂ ನೋಡುವುದಾದರೆ.

ನಾವು ಹೆಚ್ಚು ಎಡವುವುದು ಸಾವಿನ ಪ್ರಶ್ನೆಯಲ್ಲಿ. "ಅಜ್ಜಿ ಮಲಗಿದ್ದಾರೆ" ಎನ್ನುತ್ತೇವೆ. ಮಗು ಮಾತನ್ನು ಇದ್ದ ಹಾಗೆಯೇ ತೆಗೆದುಕೊಳ್ಳುತ್ತದೆ. ಅಜ್ಜಿ ಯಾವಾಗ ಏಳುತ್ತಾರೆ ಎಂದು ಕಾಯುತ್ತದೆ, ಇಲ್ಲವೆ ರಾತ್ರಿ ತಾನು ಮಲಗುವುದಕ್ಕೇ ಹೆದರುತ್ತದೆ. ಅದಕ್ಕಿಂತ ನೇರವಾಗಿ ಹೇಳಬಹುದು: "ಅಜ್ಜಿ ಸತ್ತುಹೋದರು. ಅವರ ದೇಹ ಕೆಲಸ ನಿಲ್ಲಿಸಿದೆ. ಉಸಿರಿಲ್ಲ, ಹಸಿವಿಲ್ಲ, ನೋವೂ ಇಲ್ಲ. ಅವರು ಮತ್ತೆ ಬರುವುದಿಲ್ಲ." ಹೇಳುವಾಗ ನಮ್ಮ ಕಣ್ಣು ತುಂಬಿದರೆ ತುಂಬಲಿ.

ಆಗ "ನೀವೂ ಸಾಯುತ್ತೀರಾ?" ಎಂಬ ಪ್ರಶ್ನೆ ಬಂದೇ ಬರುತ್ತದೆ. ಹತ್ತಿರ ಕೂರಿಸಿಕೊಂಡು ಹೇಳಿ: "ಎಲ್ಲರೂ ಒಂದು ದಿನ ಸಾಯುತ್ತಾರೆ. ಆದರೆ ನಾನು ಇನ್ನೂ ಬಹಳ ಕಾಲ ನಿನ್ನ ಜೊತೆ ಇರುತ್ತೇನೆ ಎಂದುಕೊಂಡಿದ್ದೇನೆ." ನಾನು ಕಂಡ ಹಾಗೆ, ಇದಾದ ಮೇಲಿನ ಪ್ರಶ್ನೆ ಸಾಮಾನ್ಯವಾಗಿ ತಿಂಡಿಯ ಬಗ್ಗೆ ಇರುತ್ತದೆ.