ಹಲವು ಲೋಕಗಳಿಗೆ ನಕ್ಷೆ ಬರೆಯುವುದು

ಎಲ್ಲರಿಗೂ ನಮಸ್ಕಾರ.

ಇಲ್ಲಿ ಕೂತವರಲ್ಲಿ ಕತೆ ಬರೆಯುವವರಿದ್ದೀರಿ, ಗೇಮ್ ಮಾಡುವವರಿದ್ದೀರಿ. ನಿಮ್ಮ ಕತೆ ಒಂದೇ ಲೋಕದಲ್ಲಿ ನಡೆದರೆ ನಕ್ಷೆ ಕಷ್ಟವಲ್ಲ. ಬೆಟ್ಟ, ನದಿ, ಊರು ಬರೆದು, ಮೂಲೆಯಲ್ಲಿ ಉತ್ತರಕ್ಕೊಂದು ಬಾಣ ಹಾಕಿದರೆ ಆಯ್ತು. ಲೋಕಗಳು ಹತ್ತಾರಾದರೆ? ಉತ್ತರ ಯಾವ ಕಡೆ? ಇಲ್ಲಿಂದ ಅಲ್ಲಿಗೆ ಎಷ್ಟು ಮೈಲಿ? ಹೇಳೋಕೆ ಆಗಲ್ಲ, ಅಲ್ವಾ? ಅದಕ್ಕೇ ಬೇರೆ ವಿದ್ಯೆ ಬೇಕು. ನಾನು ಅದನ್ನು ಲೋಕನಕ್ಷೆ ಅಂತ ಕರೆಯುತ್ತೇನೆ. ಅದರಲ್ಲಿ ಮೊದಲು ಕೇಳಬೇಕಾದ್ದು ಒಂದೇ: ದಾಟುವುದು ಹೇಗೆ?

ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಆಟ ನಿಮಗೆ ಗೊತ್ತಿರಬಹುದು, ಮೇಜಿನ ಸುತ್ತ ಕೂತು ಒಬ್ಬೊಬ್ಬರು ಒಂದೊಂದು ಪಾತ್ರವಾಗಿ ಕತೆ ಕಟ್ಟುತ್ತಾ ಆಡುವ ಆಟ. 1978ರಲ್ಲಿ ಬಂದ ಅದರ ಆಟಗಾರರ ಕೈಪಿಡಿಯ ಕೊನೆಯಲ್ಲಿ ಲೋಕಗಳ ಒಂದು ಚಿತ್ರ ಇದೆ. ಹೊರಗಿನ ಸುತ್ತಿನಲ್ಲಿ 16 ಲೋಕಗಳು. ಅವುಗಳ ಜಾಗವನ್ನು ಸ್ವಭಾವ ನೋಡಿ ಗೊತ್ತುಮಾಡಿದ್ದಾರೆ. ಒಳ್ಳೆಯತನ ಒಂದು ಕಡೆ, ಕೆಡುಕು ಅದರ ಎದುರು. ಕಟ್ಟುಪಾಡು ಒಂದು ಕಡೆ, ಅರಾಜಕತೆ ಅದರ ಎದುರು. ಅಕ್ಕಪಕ್ಕದ ಲೋಕ ಅಂದರೆ ನಡತೆಯಲ್ಲಿ ಹತ್ತಿರದ ಲೋಕ. ದಿಕ್ಕುಗಳನ್ನೇ ಹೊಸದಾಗಿ ಹುಟ್ಟಿಸಿದ ಈ ಧೈರ್ಯ ನನಗೆ ತುಂಬಾ ಇಷ್ಟ.

ಆದರೆ ಇದಕ್ಕೂ ಎಷ್ಟೋ ಹಳೆಯ ಲೋಕನಕ್ಷೆ ನಮ್ಮ ದೇಶದಲ್ಲೇ ಇದೆ. ಜೈನರ ಎರಡೂವರೆ ದ್ವೀಪಗಳ ಚಿತ್ರಪಟ. ಗುಜರಾತ್, ರಾಜಸ್ಥಾನಗಳಲ್ಲಿ ಇದನ್ನು ಬಟ್ಟೆಯ ಮೇಲೆ ಬರೆಯುತ್ತಿದ್ದರು. ನಟ್ಟನಡುವೆ ಜಂಬೂದ್ವೀಪ, ಅಗಲ 1 ಲಕ್ಷ ಯೋಜನ. ಸುತ್ತ ಲವಣ ಸಮುದ್ರ, 2 ಲಕ್ಷ. ಆಮೇಲೆ ಧಾತಕೀಖಂಡ 4 ಲಕ್ಷ, ಕಾಲೋದ ಸಮುದ್ರ 8 ಲಕ್ಷ. ಅದರಾಚೆ ಪುಷ್ಕರದ್ವೀಪದ ಒಳಗಿನ ಅರ್ಧ, ಮತ್ತೆ 8 ಲಕ್ಷ. ಮನುಷ್ಯರು ಇರುವುದು ಅಲ್ಲಿಯವರೆಗೆ ಮಾತ್ರ. ನಡುವಿನ ದ್ವೀಪ ಬಿಟ್ಟು ಉಳಿದವೆಲ್ಲ ಬಳೆಗಳ ಹಾಗೆ ಎರಡೂ ಬದಿಗೆ ಬರುವುದರಿಂದ ಒಟ್ಟು ಅಡ್ಡಳತೆ 45 ಲಕ್ಷ ಯೋಜನ.

ಈಗ ಆ ಚಿತ್ರಗಾರನ ಪಕ್ಕ ಕೂತು ನೋಡಿ. 45 ಇಂಚು ಅಗಲದ ಬಟ್ಟೆ. ಅಳತೆ ಹಿಡಿದು ಬರೆದರೆ ಜಂಬೂದ್ವೀಪಕ್ಕೆ ಸಿಗುವುದು ಒಂದೇ ಇಂಚು. ನಾವಿರುವ ಭರತಕ್ಷೇತ್ರ ಜಂಬೂದ್ವೀಪದ 190ರಲ್ಲಿ ಒಂದು ಪಾಲು. ಕುಂಚದ ತುದಿಗೂ ಸಿಗುವುದಿಲ್ಲ! ಹಾಗಂತ ಅವನು ಕೈಚೆಲ್ಲಲಿಲ್ಲ. ನಡುವಿನ ದ್ವೀಪವನ್ನು ದೊಡ್ಡದು ಮಾಡಿದ. ಮೇರು, ಆರು ಪರ್ವತಸಾಲು, ಅವುಗಳ ನಡುವಿನ ಏಳು ಕ್ಷೇತ್ರ, ತೆಂಕಣ ಅಂಚಿನಲ್ಲಿ ಭರತ, ಎಲ್ಲವನ್ನೂ ಕಾಣಿಸಿದ. ಸಮುದ್ರದಲ್ಲಿ ಮೀನುಗಳನ್ನೂ ಬಿಟ್ಟ. ಅಳತೆಯ ಲೆಕ್ಕ ಹೇಗೂ ಗ್ರಂಥದಲ್ಲಿ ಭದ್ರವಾಗಿತ್ತು. ಪಟ ನೋಡುವವನಿಗೆ ಬೇಕಾಗಿದ್ದು ತಾನು ಎಲ್ಲಿದ್ದೇನೆ, ಸುತ್ತ ಏನಿದೆ ಅನ್ನುವುದು. ನಿಮ್ಮ ನಕ್ಷೆಯಲ್ಲೂ ಏನನ್ನು ಹಿಗ್ಗಿಸಬೇಕು ಅಂತ ಮೊದಲೇ ತೀರ್ಮಾನ ಮಾಡಿ.

ಈಗ ದಾಟುವುದು ಹೇಗೆ ಅನ್ನುವ ಪ್ರಶ್ನೆಗೆ, ಅಂದರೆ ಬಾಗಿಲ ವಿಷಯಕ್ಕೆ ಬರೋಣ. ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಆಟಕ್ಕೇ 1994ರಲ್ಲಿ ಪ್ಲೇನ್‌ಸ್ಕೇಪ್ ಅನ್ನುವ ಹೊಸ ಹಿನ್ನೆಲೆ ಬಂತು. ಅದರಲ್ಲಿ ಸಿಗಿಲ್ ಅಂತ ಬಳೆಯಾಕಾರದ ಒಂದು ನಗರ. ಅಲ್ಲಿ ಯಾವ ಕಮಾನು, ಯಾವ ಚೌಕಟ್ಟು ಬೇಕಾದರೂ ಬೇರೆ ಲೋಕದ ಬಾಗಿಲಾಗಿರಬಹುದು. ಆದರೆ ಕೀಲಿ ಬೇಕು. ಅದು ಒಂದು ವಸ್ತು ಆಗಿರಬಹುದು, ಒಂದು ಮಾತು, ಸುಮ್ನೆ ಒಂದು ಯೋಚನೆಯೂ ಆಗಿರಬಹುದು. ಇಂಥ ಊರಿನ ನಕ್ಷೆಯಲ್ಲಿ ಬಾಗಿಲು ತೋರಿಸಿ ಕೀಲಿ ಬರೆಯದಿದ್ದರೆ ಪ್ರಯಾಣಿಕ ಗೋಡೆಯ ಮುಂದೆ ನಿಲ್ಲುತ್ತಾನೆ, ಅಷ್ಟೇ.

ಕೀಲಿಗಿಂತ ಜಾಸ್ತಿ ಮರೆತುಹೋಗುವುದು ಕಾಲ. ಭಾಗವತದ ಕಕುದ್ಮಿ ರಾಜನ ಕತೆ ನೆನಪಿದೆಯಾ? ಮಗಳು ರೇವತಿಗೆ ಯಾರು ತಕ್ಕ ವರ ಅಂತ ಕೇಳಲು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಹಾಡು ನಡೆಯುತ್ತಿತ್ತು. ಮುಗಿಯಲಿ ಅಂತ ಸ್ವಲ್ಪ ಹೊತ್ತು ಕಾದ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಕಳೆದಿತ್ತು. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರಗಳಿರಲಿ, ಅವರ ಮೊಮ್ಮಕ್ಕಳ ಹೆಸರು ಕೂಡ ಉಳಿದಿರಲಿಲ್ಲ. ಕೊನೆಗೆ ರೇವತಿ ಬಲರಾಮನ ಕೈಹಿಡಿದಳು. ಹೋಗುವ ದಾರಿ ಗೊತ್ತಿದ್ದ ರಾಜನಿಗೆ ಅದರ ಬೆಲೆ ಗೊತ್ತಿರಲಿಲ್ಲ. ಲೋಕನಕ್ಷೆಯ ಒಂದೊಂದು ಗೆರೆಯ ಪಕ್ಕದಲ್ಲೂ ಈ ಲೆಕ್ಕ ಇರಲೇಬೇಕು: ಅಲ್ಲಿ ಒಂದು ಗಳಿಗೆ ಅಂದರೆ ಇಲ್ಲಿ ಎಷ್ಟು?

ಈಗ ಹಾಳೆ ತೆಗೆದುಕೊಳ್ಳಿ. ನಿಮ್ಮ ಕತೆಯ ಮೂರೇ ಮೂರು ಲೋಕ ಸಾಕು. ಲೋಕದ ಒಳಗಿನ ಬೆಟ್ಟ, ನದಿ ಆಮೇಲೆ ಬರೆಯೋಣ. ಮೊದಲು ಬಾಗಿಲುಗಳನ್ನು ಗುರುತು ಮಾಡಿ. ಪ್ರತಿ ಬಾಗಿಲಿಗೂ ಕೀಲಿ, ಕಾಲದ ಲೆಕ್ಕ, ವಾಪಸ್ ಬರಲು ಆಗುತ್ತದೋ ಇಲ್ಲವೋ, ಇಷ್ಟು ಬರೆಯಿರಿ. ಆಮೇಲೆ ಪಕ್ಕದವರಿಗೆ ಕೊಟ್ಟು, ಮೊದಲ ಲೋಕದಿಂದ ಹೊರಟು ಮನೆಗೆ ಮರಳಲು ಹೇಳಿ. ಅವರು ಎಲ್ಲಿ ಸಿಕ್ಕಿಹಾಕಿಕೊಳ್ಳುತ್ತಾರೋ ಅಲ್ಲಿಂದ ನಾವು ಚರ್ಚೆ ಶುರು ಮಾಡೋಣ.